ದೀಕ್ಷಾಸ್ನಾನದ ಸಮಾರಂಭಕ್ಕೆ ಗಂಡಸರು ಏನು ಉಟ್ಟು ಹೋಗಬೇಕು?

ಹೇಮಾವತಿ_ಕಡೆಯವನು ಕೇಳಿದ ಪ್ರಶ್ನೆ:

ಎಲ್ಲರಿಗೂ ನಮಸ್ಕಾರ. ಬೆಂಗಳೂರಿನಲ್ಲಿ ನನ್ನೊಂದಿಗೆ ಎಂಟು ವರ್ಷಗಳಿಂದ ಕೆಲಸ ಮಾಡುತ್ತಿರುವ ಗೆಳೆಯರೊಬ್ಬರಿಗೆ ಫೆಬ್ರುವರಿಯಲ್ಲಿ ಗಂಡು ಮಗು ಹುಟ್ಟಿದೆ. ಅವರು ಮಂಗಳೂರಿನ ಕಥೋಲಿಕ ಮನೆತನದವರು. ಮೇ ತಿಂಗಳ ಎರಡನೇ ಭಾನುವಾರ ಅವರ ಊರಿನ ಚರ್ಚಿನಲ್ಲಿ ಮಗುವಿನ ದೀಕ್ಷಾಸ್ನಾನವಿದ್ದು (ನೀರೆರೆದು ಮಗುವನ್ನು ಕ್ರೈಸ್ತ ಧರ್ಮಕ್ಕೆ ಸೇರಿಸಿಕೊಳ್ಳುವ ವಿಧಿ), ಅದಾದ ಮೇಲೆ ಪಕ್ಕದ ಸಭಾಂಗಣದಲ್ಲಿ ಊಟವಿದೆ. ಗೆಳೆಯರು ಹೆಂಡತಿಯೊಡನೆ ನಮ್ಮ ಮನೆಗೇ ಬಂದು, ನನ್ನ ತಂದೆಯವರ ಕಾಲಿಗೆ ನಮಸ್ಕರಿಸಿ, ಎಲ್ಲರೂ ಬರಲೇಬೇಕೆಂದು ಕರೆದುಹೋಗಿದ್ದಾರೆ.

ನಾವು ಹಾಸನ ಜಿಲ್ಲೆಯವರು. ಮದುವೆ, ಗೃಹಪ್ರವೇಶ, ನಾಮಕರಣಗಳಿಗೆ ಏನು ಉಡಬೇಕೆಂದು ನಮಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೆ ಚರ್ಚಿನೊಳಗೆ ನಡೆಯುವ ಶುಭಕಾರ್ಯಕ್ಕೆ ನಮ್ಮ ಮನೆಯಿಂದ ಯಾರೂ ಇದುವರೆಗೆ ಹೋದವರಲ್ಲ. ನನ್ನಲ್ಲಿರುವ ಒಂದೇ ಸೂಟು ಹನ್ನೊಂದು ವರ್ಷದ ಹಿಂದೆ ನನ್ನ ಮದುವೆಯ ಆರತಕ್ಷತೆಗೆ ಹೊಲಿಸಿದ್ದು, ಈಗ ಅದರ ಗುಂಡಿಗಳು ನನ್ನ ಹೊಟ್ಟೆಯೊಂದಿಗೆ ಮಾತು ಬಿಟ್ಟಿವೆ. ತಂದೆಯವರಿಗೆ 71 ವರ್ಷ, ನಿವೃತ್ತ ಮುಖ್ಯೋಪಾಧ್ಯಾಯರು. ಎಲ್ಲಿಗೆ ಹೊರಟರೂ ಬಿಳಿ ಪಂಚೆ, ತುಂಬುತೋಳಿನ ಬಿಳಿ ಅಂಗಿ, ಜರಿಯಂಚಿನ ಶಲ್ಯ, ಹಣೆಗೆ ವಿಭೂತಿ. ಇವೆಲ್ಲ ಅಲ್ಲಿಗೆ ಸರಿಹೋಗುತ್ತವೆಯೇ, ಅಥವಾ ಪ್ಯಾಂಟು ಹಾಕಿಕೊಳ್ಳಬೇಕೇ ಎಂದು ಅವರೇ ನನ್ನನ್ನು ಕೇಳಿದರು. ಒಂಬತ್ತು ವರ್ಷದ ಮಗನಿಗೆ ಚಿತ್ರವಿರುವ ಟೀ ಶರ್ಟ್ ಬಿಟ್ಟು ಬೇರೇನೂ ಬೇಡ.

ಬಿಳಿ ಬಣ್ಣ ಮಗುವಿಗೆ ಮೀಸಲು, ಉಳಿದವರು ಉಡಬಾರದು ಎಂದು ಯಾರೋ ಹೇಳಿದ್ದಾರೆ. ಕಪ್ಪು ಅಶುಭ ಎಂದು ಇನ್ನೊಬ್ಬರು ಹೇಳಿದ್ದಾರೆ. ಪಾದರಕ್ಷೆಯನ್ನು ಹೊರಗೆ ಬಿಡಬೇಕೋ ಬೇಡವೋ ಅದೂ ತಿಳಿಯದು. ಗೆಳೆಯರನ್ನೇ ಕೇಳಿದರೆ, ‘ನೀವು ಬಂದರೆ ಸಾಕು, ಏನನ್ನಾದರೂ ಹಾಕಿಕೊಂಡು ಬನ್ನಿ’ ಎನ್ನುತ್ತಾರೆ. ಸೌಜನ್ಯದ ಆ ಉತ್ತರದಿಂದ ನನ್ನ ಕಪಾಟಿನ ಸಮಸ್ಯೆ ಬಗೆಹರಿಯುವುದಿಲ್ಲ. ಬಲ್ಲವರು ದಯವಿಟ್ಟು ತಿಳಿಸಬೇಕು.

ಇಗರ್ಜಿ_ಓಣಿ ಬರೆದ ಉತ್ತರ:

ಮಾನ್ಯರೇ, ನಾನು ಮಂಗಳೂರಿನ ಕಥೋಲಿಕನೇ. ನನ್ನ ಇಬ್ಬರು ಮಕ್ಕಳ ಮತ್ತು ಲೆಕ್ಕವಿಲ್ಲದಷ್ಟು ಸೋದರಳಿಯಂದಿರ ಬಾವ್ತಿಸ್ಮ್ ನೋಡಿದವನು. ಕೊಂಕಣಿಯಲ್ಲಿ ನಾವು ದೀಕ್ಷಾಸ್ನಾನವನ್ನು ಹಾಗೆ ಕರೆಯುತ್ತೇವೆ.

ಮೊದಲು ತಮ್ಮ ತಂದೆಯವರ ವಿಷಯ. ಅವರು ಪ್ಯಾಂಟು ಹಾಕಿಕೊಳ್ಳುವ ಅಗತ್ಯ ಖಂಡಿತ ಇಲ್ಲ. ನಮ್ಮ ಹಿರಿಯರ ಹಳೆಯ ಫೋಟೋಗಳನ್ನು ನೋಡಿದರೆ ಗಂಡಸರು ಪುಡ್ವೆಂ ಎಂದು ನಾವು ಕರೆಯುವ ಪಂಚೆಯನ್ನೇ ಉಟ್ಟು, ಅದರ ಮೇಲೆ ಕುತಾಂವ್ ಎಂಬ ಉದ್ದನೆಯ ಬಿಳಿ ಅಥವಾ ಕಪ್ಪು ಕೋಟು ತೊಟ್ಟು, ತಲೆಗೆ ಚಿನ್ನದ ಬಣ್ಣದ ಅಂಚಿನ ಉರ್ಮಾಲ್ ಸುತ್ತಿಕೊಂಡು ನಿಂತಿರುತ್ತಾರೆ. ಆ ಅಂಚಿಗೆ ತೊಡೊಪ್ ಎಂದು ಬೇರೆ ಹೆಸರೇ ಇದೆ. ಸೂಟು ನಮ್ಮಲ್ಲಿ ಆಮೇಲೆ ಬಂದದ್ದು. ಹೀಗಿರುವಾಗ ಜರಿಯಂಚಿನ ಶಲ್ಯ ಹೊದ್ದ ಹಿರಿಯರೊಬ್ಬರು ಒಳಗೆ ಬಂದರೆ ನಮ್ಮ ಅಜ್ಜಿಯಂದಿರಿಗೆ ತಮ್ಮ ಮಾವನವರ ನೆನಪಾದೀತೇ ಹೊರತು ಅದು ವಿಚಿತ್ರವಾಗಿ ಕಾಣಿಸದು. ಒಂದು ಮಾತು ಮಾತ್ರ: ಕರಾವಳಿಯ ಸೆಕೆಗೆ ಪಂಚೆಯನ್ನು ಮೊಣಕಾಲಿಗೆ ಎತ್ತಿ ಕಟ್ಟುವುದು ಇಲ್ಲಿ ಎಲ್ಲರಿಗೂ ರೂಢಿ, ಆದರೆ ಚರ್ಚಿನ ಮೆಟ್ಟಿಲಿಗೆ ಬರುವ ಮೊದಲು ಅದನ್ನು ಇಳಿಬಿಡುವುದು ಅಷ್ಟೇ ರೂಢಿ. ತಮ್ಮ ತಂದೆಯವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲವೆಂದು ಬಲ್ಲೆ.

ವಿಭೂತಿಯನ್ನು ಯಾರೂ ಅಳಿಸಿಕೊಂಡು ಬರಬೇಕಾಗಿಲ್ಲ. ಇನ್ನೊಂದು ಮನೆಯ ಪೂಜೆಯಲ್ಲಿ ಪಾಲ್ಗೊಳ್ಳಲು ತನ್ನ ಮನೆಯ ಗುರುತನ್ನು ಮರೆಮಾಡಬೇಕೆಂದು ನಮ್ಮ ಊರಿನಲ್ಲಿ ಯಾರೂ ಬಯಸುವುದಿಲ್ಲ. ತಲೆಯ ಮೇಲಿನ ಟೋಪಿಯನ್ನು ಮಾತ್ರ ಗಂಡಸರು ಒಳಗೆ ತೆಗೆಯುತ್ತಾರೆ. ತಮ್ಮ ಮಗನಿಗೆ ಕ್ರಿಕೆಟ್ ಟೋಪಿಯ ಹಂಬಲವಿದ್ದರೆ ಅದು ಕಾರಿನಲ್ಲೇ ಉಳಿಯಲಿ.

ಬಿಳಿಯ ಬಗ್ಗೆ ತಾವು ಕೇಳಿದ ಮಾತಿನಲ್ಲಿ ಅರ್ಧ ನಿಜವಿದೆ. ವಿಧಿಯಲ್ಲಿ ಮಗುವಿನ ತಲೆಯ ಮೇಲೆ ಮೂರು ಸಲ ನೀರೆರೆದು, ನೆತ್ತಿಗೆ ಕ್ರಿಸ್ಮಾ ಎಂಬ ಪವಿತ್ರ ತೈಲ ಹಚ್ಚಿದ ಮೇಲೆ ಬಿಳಿಯ ವಸ್ತ್ರವನ್ನು ಹೊದಿಸುತ್ತಾರೆ. ಬೈಬಲಿನಲ್ಲಿ ಪೌಲನು ಗಲಾತ್ಯದವರಿಗೆ ಬರೆದ ಪತ್ರದಲ್ಲಿ ದೀಕ್ಷಾಸ್ನಾನ ಪಡೆದವರು ಕ್ರಿಸ್ತನನ್ನೇ ಧರಿಸಿಕೊಂಡವರು ಎಂಬ ಭಾವದ ಮಾತು ಬರುತ್ತದೆ. ಆ ವಸ್ತ್ರ ಅದರ ಗುರುತು. ಹಿಂದಿನ ಕಾಲದಲ್ಲಿ ಈಸ್ಟರ್ ರಾತ್ರಿ ದೀಕ್ಷೆ ಪಡೆದ ವಯಸ್ಕರು ಒಂದು ವಾರವಿಡೀ ಬಿಳಿಯಲ್ಲೇ ಇರುತ್ತಿದ್ದರು. ಆದರೆ ಮಗುವಿಗೆ ಬಿಳಿ ಹೊದಿಸುತ್ತಾರೆಂದರೆ ಬೇರೆಯವರಿಗೆ ಬಿಳಿ ನಿಷಿದ್ಧವೆಂದಲ್ಲ. ವಿಧಿ ನಡೆಸುವ ಫಾದರ್ ಸಹ ಬಿಳಿಯ ಉಡುಪಿನಲ್ಲೇ ಇರುತ್ತಾರೆ. ಮದುವೆಯಲ್ಲಿ ಮದುಮಗಳಿಗೆ ಪೈಪೋಟಿಯಾಗಿ ಬಿಳಿ ಗೌನು ತೊಡಬಾರದೆಂಬ ಹೆಂಗಸರ ನಡುವಿನ ಕಟ್ಟುಪಾಡನ್ನು ಯಾರೋ ತಂದು ಇಲ್ಲಿಗೆ ಅಂಟಿಸಿರಬೇಕು.

ಕಪ್ಪು ಕೋಟನ್ನು ನಮ್ಮವರು ಮದುವೆಗೇ ಹಾಕುತ್ತಾರೆ, ಆದ್ದರಿಂದ ಅದು ಅಶುಭವೇನಲ್ಲ. ಕಪ್ಪು ಅಂಗಿ, ಕಪ್ಪು ಪ್ಯಾಂಟು, ಕಪ್ಪು ಟೈ ಮೂರೂ ಒಟ್ಟಾದರೆ ಮಾತ್ರ ಇನ್ನೊಂದು ಬಗೆಯ ಮೆರವಣಿಗೆ ನೆನಪಾಗುತ್ತದೆ. ಅಷ್ಟನ್ನು ತಪ್ಪಿಸಿದರೆ ಸಾಕು.

ಈಗ ತಮಗೆ. ಮೇ ತಿಂಗಳಿನಲ್ಲಿ ಮಂಗಳೂರಿಗೆ ಮೂರು ತುಂಡಿನ ಸೂಟು ತೊಟ್ಟು ಬರುವವರು ಒಂದೋ ಮದುಮಗ, ಇಲ್ಲವೇ ಗಲ್ಫ್‌ನಿಂದ ಹಿಂದಿನ ದಿನ ಇಳಿದವರು. ತಿಳಿ ಬಣ್ಣದ ಹತ್ತಿಯ ಅಥವಾ ಲಿನನ್ನಿನ ತುಂಬುತೋಳಿನ ಅಂಗಿ, ಗಾಢ ಬಣ್ಣದ ಪ್ಯಾಂಟು, ಬೆಲ್ಟು, ಪಾಲಿಶ್ ಮಾಡಿದ ಬೂಟು ಧಾರಾಳವಾಗಿ ಸಾಕು. ಇಸ್ತ್ರಿ ಚೆನ್ನಾಗಿರಲಿ. ಪ್ಯಾಂಟು ಬಿಗಿಯಾಗಿರಬಾರದೆಂದು ನಾನು ಒತ್ತಿ ಹೇಳುವುದಕ್ಕೆ ಕಾರಣವಿದೆ: ಭಾನುವಾರ ಚರ್ಚಿನಲ್ಲಿ ನಡೆಯುವ ಸಾಮೂಹಿಕ ಪೂಜೆಯಾದ ಬಲಿಪೂಜೆಯ ನಡುವೆ ದೀಕ್ಷಾಸ್ನಾನ ನಡೆಯುವುದಾದರೆ ಏಳುವುದು, ಕೂರುವುದು, ಮೊಣಕಾಲೂರುವುದು ಒಂದು ಗಂಟೆಗೂ ಹೆಚ್ಚು ಕಾಲ ನಡೆಯುತ್ತದೆ. ಅನ್ಯಮತೀಯರು ಮೊಣಕಾಲೂರಲೇಬೇಕೆಂದಿಲ್ಲ, ಆದರೆ ಸುತ್ತಲಿನವರೆಲ್ಲ ಊರಿದಾಗ ತಾವೂ ಊರಲು ಹೋಗುವಿರಿ, ಆಗ ಈಗಿನ ಸ್ಲಿಮ್ ಫಿಟ್ ಪ್ಯಾಂಟಿನ ಹೊಲಿಗೆ ತನ್ನ ಅಭಿಪ್ರಾಯವನ್ನು ಎಲ್ಲರಿಗೂ ಕೇಳಿಸುವಂತೆ ಹೇಳಿಬಿಡುತ್ತದೆ.

ಪಾದರಕ್ಷೆಯನ್ನು ಮಂಗಳೂರಿನ ನಮ್ಮ ಚರ್ಚುಗಳಲ್ಲಿ ಸಾಮಾನ್ಯವಾಗಿ ಹೊರಗೆ ಬಿಡುವುದಿಲ್ಲ. ಆದರೆ ಬೆಳ್ತಂಗಡಿ ಕಡೆ ಕೇರಳ ಮೂಲದ ಸೀರೋ ಮಲಬಾರ್ ಕಥೋಲಿಕರಿದ್ದಾರೆ, 1999ರಿಂದ ಅವರಿಗೆ ಬಿಷಪ್ಪರ ಆಡಳಿತದ ಪ್ರತ್ಯೇಕ ಧರ್ಮಪ್ರಾಂತ್ಯವೇ ಇದೆ. ಅವರಲ್ಲಿ ಚಪ್ಪಲಿಯನ್ನು ಬಾಗಿಲಲ್ಲೇ ಬಿಡುವವರು ಬಹಳ. ಬಾಗಿಲ ಬಳಿ ಚಪ್ಪಲಿಗಳ ರಾಶಿ ಕಂಡರೆ ತಾವೂ ಬಿಡಿ. ಆ ಸಂಭವಕ್ಕಾಗಿ ತೂತಿಲ್ಲದ ಕಾಲುಚೀಲ ಹಾಕಿಕೊಂಡಿರಿ.

ಸೂಟು_ಬೂಟು ಬರೆದ ಉತ್ತರ:

ಮೇಲಿನವರ ಮಾತನ್ನು ನಾನು ಒಪ್ಪಲಾರೆ. ಇದು ಮಗುವಿನ ಬಾಳಿನಲ್ಲಿ ಒಮ್ಮೆ ಮಾತ್ರ ನಡೆಯುವ ಸಂಸ್ಕಾರ. ಫೋಟೋಗಳು ಐವತ್ತು ವರ್ಷ ಉಳಿಯುತ್ತವೆ. ಆತಿಥೇಯರ ಕಡೆಯ ಗಂಡಸರೆಲ್ಲ ಕೋಟು, ಟೈಗಳಲ್ಲಿ ನಿಂತಿರುವಾಗ ಅತಿಥಿಯೊಬ್ಬರು ಬರೀ ಅಂಗಿಯಲ್ಲಿ ಬಂದರೆ, ಯಾರೂ ಬಾಯಿಬಿಟ್ಟು ಹೇಳದಿದ್ದರೂ, ಆ ಕಾರ್ಯಕ್ರಮವನ್ನು ಲಘುವಾಗಿ ತೆಗೆದುಕೊಂಡಂತೆಯೇ ಕಾಣುತ್ತದೆ. ಸೆಕೆಯೆಂಬುದು ನೆಪ, ಸಭಾಂಗಣಕ್ಕೆ ಈಗ ಎ.ಸಿ. ಇರುತ್ತದೆ. ಹೊಸ ಸೂಟು ಬೇಡವಾದರೆ ಒಂದು ಬ್ಲೇಜರನ್ನಾದರೂ ತೆಗೆದುಕೊಳ್ಳಿ.

ಕೋಟೆ_ಧಾರವಾಡ ಬರೆದ ಉತ್ತರ:

ಬ್ಲೇಜರ್ ಇರುವವರು ಹಾಕಿಕೊಂಡು ಹೋಗಲಿ, ಅದರಲ್ಲಿ ತಪ್ಪೇನೂ ಇಲ್ಲ. ಇಲ್ಲದವರು ಕೊಂಡು ತರಬೇಕೆಂಬ ಮಾತಿಗೆ ಮಾತ್ರ ನನ್ನ ತಕರಾರಿದೆ. ಬೈಬಲಿನಲ್ಲಿರುವ ಯಾಕೋಬನ ಪತ್ರದ ಎರಡನೇ ಅಧ್ಯಾಯವನ್ನು ಒಮ್ಮೆ ತೆರೆದು ನೋಡಿ: ಚಿನ್ನದ ಉಂಗುರ ತೊಟ್ಟು ಒಳ್ಳೆಯ ಬಟ್ಟೆ ಧರಿಸಿ ಸಭೆಗೆ ಬಂದವನಿಗೆ ಒಳ್ಳೆಯ ಆಸನ ಕೊಟ್ಟು, ಕೊಳಕು ಬಟ್ಟೆಯ ಬಡವನನ್ನು ಕಾಲ ಬಳಿ ಕೂರಿಸುವವರನ್ನು ಅಲ್ಲಿ ನೇರವಾಗಿ ತರಾಟೆಗೆ ತೆಗೆದುಕೊಳ್ಳಲಾಗಿದೆ. ಚರ್ಚಿನಲ್ಲಿ ಯಾರ ಬಟ್ಟೆ ಹೇಗಿದೆಯೆಂದು ಅಳೆಯುವವರಿಗೆ ಆ ಪತ್ರ ಬಹಳ ಹಿಂದೆಯೇ ಉತ್ತರ ಬರೆದಿಟ್ಟಿದೆ.

ನಮ್ಮದು ಪ್ರಾಟೆಸ್ಟಂಟ್ ಮನೆತನ. ಸ್ವಿಟ್ಜರ್ಲೆಂಡಿನ ಪ್ರಾಟೆಸ್ಟಂಟ್ ಸಂಸ್ಥೆಯಾದ ಬಾಸೆಲ್ ಮಿಷನ್ 1834ರಲ್ಲಿ ಮಂಗಳೂರಿಗೆ ಬಂತು, 1837ರಲ್ಲಿ ಧಾರವಾಡಕ್ಕೆ. ನಮ್ಮಲ್ಲಿಯೂ ಮಕ್ಕಳಿಗೆ ದೀಕ್ಷಾಸ್ನಾನವಿದೆ, ಭಾನುವಾರದ ಆರಾಧನೆಯಲ್ಲಿ ಸಭೆಯ ಮುಂದೆಯೇ ಆಗುತ್ತದೆ. ನಮ್ಮ ಅಜ್ಜ ನನ್ನನ್ನು ಎತ್ತಿಕೊಂಡು ನಿಂತ ಫೋಟೋ ಮನೆಯಲ್ಲಿದೆ: ಧೋತರ, ನೆಹರೂ ಶರ್ಟು, ಮೇಲೊಂದು ಕರಿ ಕೋಟು, ಬಲಗೈಯಲ್ಲಿ ನಾನು, ಎಡಗೈಯಲ್ಲಿ ತೆಗೆದು ಹಿಡಿದ ಟೋಪಿ. ಅಂದಿನ ದಿನಕ್ಕೆಂದು ಅವರು ಹೊಸದಾಗಿ ಹೊಲಿಸಿದ್ದು ನನ್ನ ಅಂಗಿಯನ್ನು ಮಾತ್ರ ಎಂದು ಅಜ್ಜಿ ಹೇಳುತ್ತಿದ್ದರು.

ಬಟ್ಟೆಯ ಮಾತು ಬಂದದ್ದಕ್ಕೆ ಹೇಳುತ್ತೇನೆ, ಅದೇ ಮಿಷನ್ನಿನವರು ಮಂಗಳೂರಿನ ಬಲ್ಮಠದಲ್ಲಿ ನಡೆಸುತ್ತಿದ್ದ ನೇಯ್ಗೆ ಕಾರ್ಖಾನೆಯಲ್ಲಿ ಖಾಕಿ ಬಣ್ಣ ಹುಟ್ಟಿತೆಂದು ಕರಾವಳಿಯಲ್ಲಿ ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಹಾಗೆಂದು ಯಾರೂ ದೀಕ್ಷಾಸ್ನಾನಕ್ಕೆ ಖಾಕಿ ತೊಟ್ಟು ಹೋಗಬೇಡಿ, ಊಟದ ಸಭಾಂಗಣದಲ್ಲಿ ಕಾರು ನಿಲ್ಲಿಸುವ ಜಾಗ ಎಲ್ಲಿ ಎಂದು ಎಲ್ಲರೂ ನಿಮ್ಮನ್ನೇ ಕೇಳುತ್ತಾರೆ.

ಥೇಮ್ಸ್_ದಂಡೆ ಬರೆದ ಉತ್ತರ:

ಇಂಗ್ಲೆಂಡಿನಲ್ಲಿ ನೆಲೆಸಿರುವ ಕನ್ನಡಿಗನೊಬ್ಬನ ಅನುಭವವೂ ಉಪಯೋಗವಾದೀತೆಂದು ಬರೆಯುತ್ತಿದ್ದೇನೆ, ಏಕೆಂದರೆ ಸೂಟು ಎಂಬುದರ ತವರು ಇಲ್ಲಿಯೇ ಇದೆ, ಮತ್ತು ಇಲ್ಲಿಯೇ ಅದರ ಹಿಡಿತ ಸಡಿಲವಾಗಿದೆ. ಚರ್ಚ್ ಆಫ್ ಇಂಗ್ಲೆಂಡಿನಲ್ಲಿ ದೀಕ್ಷಾಸ್ನಾನಕ್ಕೆ ಕ್ರಿಸನಿಂಗ್ ಎಂದೂ ಹೇಳುತ್ತಾರೆ. ನಾನು ಇದುವರೆಗೆ ಮೂರು ಕ್ರಿಸನಿಂಗ್‌ಗಳಿಗೆ ಹೋಗಿದ್ದೇನೆ. ಮೊದಲನೆಯದಕ್ಕೆ, ರಾಜಮನೆತನದ ಫೋಟೋಗಳನ್ನೇ ಪ್ರಮಾಣವೆಂದು ನಂಬಿ, ಗಾಢ ನೀಲಿ ಸೂಟು, ರೇಷ್ಮೆ ಟೈ, ಜೇಬಿನಲ್ಲಿ ಮಡಿಸಿದ ಕರವಸ್ತ್ರ ಎಲ್ಲವನ್ನೂ ಹೊಂದಿಸಿಕೊಂಡು ಹೋದೆ. ಮಗುವಿನ ತಂದೆ ಮತ್ತು ಗಾಡ್‌ಫಾದರುಗಳನ್ನು (ಮಗುವಿನ ಧಾರ್ಮಿಕ ಹೊಣೆ ಹೊರುವವರನ್ನು) ಬಿಟ್ಟರೆ ಟೈ ಕಟ್ಟಿದ್ದವನು ನಾನೊಬ್ಬನೇ. ಉಳಿದವರು ಕೋಟಿನ ಕೆಳಗೆ ಕೊರಳು ತೆರೆದ ಅಂಗಿ ತೊಟ್ಟಿದ್ದರು, ಕೆಲವರಿಗೆ ಕೋಟೂ ಇರಲಿಲ್ಲ. ಯಾರೂ ನನ್ನನ್ನು ನೋಡಿ ನಗಲಿಲ್ಲ, ಆದರೆ ಇಬ್ಬರು ಅಜ್ಜಿಯರು ನಾನು ಚರ್ಚಿನ ಸಿಬ್ಬಂದಿಯೆಂದು ತಿಳಿದು ಶೌಚಾಲಯದ ದಾರಿ ಕೇಳಿದರು.

ಇಲ್ಲಿನ ಮನೆಗಳಲ್ಲಿ ಎಚ್ಚರವೆಲ್ಲ ಮಗುವಿನ ಉಡುಪಿನ ಮೇಲಿರುತ್ತದೆ. ವಿಕ್ಟೋರಿಯಾ ರಾಣಿಯ ಮೊದಲ ಮಗಳಿಗಾಗಿ 1841ರಲ್ಲಿ ಹೋನಿಟನ್ ಲೇಸಿನಿಂದ ಮಾಡಿಸಿದ ನಿಲುವಂಗಿಯನ್ನು ರಾಜಮನೆತನದ ಮಕ್ಕಳಿಗೆ ತಲೆಮಾರುಗಳ ಕಾಲ ತೊಡಿಸಿದರು. ಅದು ಜೀರ್ಣವಾಗಿ ಹೋಗಬಾರದೆಂದು 2008ರಿಂದ ಅದರದೇ ಪ್ರತಿಕೃತಿಯನ್ನು ಬಳಸುತ್ತಿದ್ದಾರೆ. ಆ ಉಡುಪಿನ ಹೆಸರು ಬಲ್ಲವರು ಬಹಳ ಜನ, ಅದರ ಹಿಂದೆ ಸಾಲಾಗಿ ನಿಂತ ಗಂಡಸರ ಕೋಟಿನ ಬಣ್ಣ ನೆನಪಿರುವವರು ಯಾರೂ ಇಲ್ಲ. 2013ರಲ್ಲಿ ಜಾರ್ಜ್ ರಾಜಕುಮಾರನ ದೀಕ್ಷಾಸ್ನಾನದ ಚಿತ್ರಗಳಲ್ಲಿಯೂ ಕಣ್ಣು ಹೋಗುವುದು ಆ ಲೇಸಿನ ಕಡೆಗೇ.

ಇಲ್ಲಿಗೆ ಬರುವವರಿಗೊಂದು ಬೇರೆಯೇ ಎಚ್ಚರಿಕೆ ಬೇಕು. ಹಳೆಯ ಕಲ್ಲಿನ ಚರ್ಚುಗಳು ಜೂನ್ ತಿಂಗಳಿನಲ್ಲಿಯೂ ತಣ್ಣಗಿರುತ್ತವೆ. ನನ್ನ ಭಾವಮೈದುನ ಕಳೆದ ವರ್ಷ ತೆಳು ರೇಷ್ಮೆಯ ಜುಬ್ಬಾ ತೊಟ್ಟು ಬಂದು ಬಹಳ ಮೆಚ್ಚುಗೆ ಗಳಿಸಿದ, ಮತ್ತು ಅರ್ಧ ಗಂಟೆ ಹಲ್ಲು ಕಡಿಯುತ್ತ ಕುಳಿತ. ಜುಬ್ಬಾದ ಒಳಗೆ ಉಣ್ಣೆಯ ಬನಿಯನ್ ಇರಲಿ.

ಹೇಮಾವತಿ_ಕಡೆಯವನು ಬರೆದ ಉತ್ತರ:

ಎಲ್ಲರಿಗೂ ಅನಂತ ವಂದನೆಗಳು. ಪುಡ್ವೆಂ ಮತ್ತು ಉರ್ಮಾಲಿನ ವಿಷಯವನ್ನು ತಂದೆಯವರಿಗೆ ಓದಿ ಹೇಳಿದೆ; ಅವರು ಈಗಾಗಲೇ ಪಂಚೆಯನ್ನು ಗಂಜಿ ಹಾಕಲು ಕೊಟ್ಟಿದ್ದಾರೆ. ಮಗನೊಡನೆ ಗೆರೆಗಳಿರುವ ಅರೆತೋಳಿನ ಅಂಗಿಗೆ ಒಪ್ಪಂದವಾಗಿದೆ. ಇನ್ನೊಂದು ಸಂದೇಹ ಎದ್ದಿದೆ. ನಿನ್ನೆ ಗೆಳೆಯರು ಫೋನು ಮಾಡಿ, ವಿಧಿ ನಡೆಯುವಾಗ ಗಾಡ್‌ಫಾದರ್ ಪಕ್ಕದಲ್ಲಿಯೇ ನಾನೂ ನಿಲ್ಲಬೇಕು, ಸ್ವಲ್ಪ ಹೊತ್ತು ಮಗುವನ್ನು ಎತ್ತಿಕೊಳ್ಳಬೇಕು ಎಂದರು. ಹಾಗಾದರೆ ನಾನೂ ಒಂದು ಬಗೆಯ ಗಾಡ್‌ಫಾದರ್ ಆಗುತ್ತೇನೆಯೇ, ಮತ್ತು ಆಗ ಉಡುಪಿನ ನಿಯಮ ಬೇರೆಯಾಗುತ್ತದೆಯೇ?

ಇಗರ್ಜಿ_ಓಣಿ ಬರೆದ ಉತ್ತರ:

ಗಾಡ್‌ಫಾದರ್ ಆಗುವುದಿಲ್ಲ. ಕಥೋಲಿಕ ಧರ್ಮಸಭೆಯ 1983ರ ಕಾನೂನಿನಂತೆ ಆ ಹೊಣೆ ಹೊರುವವರು ಸಾಮಾನ್ಯವಾಗಿ 16 ವರ್ಷ ತುಂಬಿದ, ದೃಢೀಕರಣವೆಂಬ ಸಂಸ್ಕಾರ ಪಡೆದ ಕಥೋಲಿಕರಾಗಿರಬೇಕು, ಮತ್ತು ಮಗುವಿನ ತಂದೆ ಅಥವಾ ತಾಯಿ ಆಗಿರಬಾರದು. ಮಗುವನ್ನು ವಿಶ್ವಾಸದಲ್ಲಿ ಬೆಳೆಸಲು ನೆರವಾಗುತ್ತೇವೆಂದು ಅವರು ಅಲ್ಲಿ ಮಾತು ಕೊಡುತ್ತಾರೆ. ಆದರೆ ಗೆಳೆಯರು ತಮ್ಮನ್ನು ಪಕ್ಕದಲ್ಲಿ ನಿಲ್ಲಿಸಿಕೊಳ್ಳುವುದಕ್ಕೆ ಯಾವ ಕಾನೂನೂ ಅಡ್ಡ ಬರುವುದಿಲ್ಲ. ಅದು ಪ್ರೀತಿಯ ಸ್ಥಾನ.

ನಿಯಮ ಬೇರೆಯಾಗುವುದಿಲ್ಲ, ಆದರೆ ಮಗುವನ್ನು ಎತ್ತಿಕೊಳ್ಳುವವರ ಅಂಗಿ ಬೇರೆಯಾಗಬೇಕು. ಮೂರು ತಿಂಗಳ ಕೂಸಿನ ಕೆನ್ನೆ ತಗಲುವುದು ತಮ್ಮ ಎದೆಯ ಎಡಭಾಗಕ್ಕೆ. ಅಲ್ಲಿಯ ಜೇಬಿನಲ್ಲಿ ಪೆನ್ನು, ಕನ್ನಡಕ, ಮೊಬೈಲು ಯಾವುದೂ ಇರಬಾರದು. ಒರಟು ಜರಿ, ಉಬ್ಬು ಕಸೂತಿ, ಕೋಟಿನ ಪಿನ್ನು ಬೇಡ. ಲೋಹದ ಪಟ್ಟಿಯ ಗಡಿಯಾರವನ್ನು ಅಷ್ಟು ಹೊತ್ತು ಹೆಂಡತಿಯ ಕೈಗೆ ಕೊಡಿ. ಸುಗಂಧದ್ರವ್ಯವನ್ನು ಆ ದಿನ ಬಿಟ್ಟುಬಿಡಿ, ಘಾಟಿಗೆ ಮಗು ಸೀನಲು ಶುರುಮಾಡಿದರೆ ಫಾದರ್ ಹೇಳುವುದು ಯಾರಿಗೂ ಕೇಳಿಸದು. ಮಗುವಿನ ಎದೆಗೂ ನೆತ್ತಿಗೂ ಎಣ್ಣೆ ಹಚ್ಚುತ್ತಾರೆ, ತಲೆಯಿಂದ ನೀರು ಇಳಿಯುತ್ತದೆ, ಅದಾದ ಮೇಲೆ ಪಾಸ್ಖ ಮೋಂಬತ್ತಿಯಿಂದ (ಈಸ್ಟರ್ ಹಬ್ಬದಲ್ಲಿ ಬೆಳಗಿಸುವ ದೊಡ್ಡ ಮೋಂಬತ್ತಿ) ಹೊತ್ತಿಸಿದ ಸಣ್ಣ ಮೋಂಬತ್ತಿಯೊಂದು ಮಗುವಿನ ತಂದೆಯ ಅಥವಾ ಗಾಡ್‌ಫಾದರ್ ಕೈಗೆ ಬರುತ್ತದೆ ಮತ್ತು ಅದರ ಮೇಣ ಪಕ್ಕದಲ್ಲಿ ನಿಂತವರನ್ನು ಬಿಡುವುದಿಲ್ಲ. ಆದ್ದರಿಂದ ರೇಷ್ಮೆಗಿಂತ ಒಗೆಯಬಹುದಾದ ಹತ್ತಿಯೇ ಲೇಸು.

ಇನ್ನೊಂದು ಮಾತು. ಬಾಗಿಲಲ್ಲಿ ಮಗುವನ್ನು ಬರಮಾಡಿಕೊಳ್ಳುವಾಗ ಫಾದರ್ ಮೊದಲು ಕೇಳುವುದೇ ಮಗುವಿಗೆ ಏನು ಹೆಸರಿಡುತ್ತೀರಿ ಎಂದು. ತಮ್ಮ ತಂದೆಯವರು ಇದನ್ನು ನಾಮಕರಣವೆಂದೇ ಭಾವಿಸಿ ಆ ಉಡುಪಿನಲ್ಲಿ ಬಂದರೆ ಬಹಳ ತಪ್ಪಿದಂತೇನೂ ಆಗದು.

ಹೇಮಾವತಿ_ಕಡೆಯವನು ಬರೆದ ಉತ್ತರ:

ಹೋಗಿ ಬಂದೆವು. ಕೋಟು ತೊಟ್ಟವರು ಹತ್ತಾರು ಜನ ಇದ್ದರು, ಚರ್ಚಿನಿಂದ ಸಭಾಂಗಣಕ್ಕೆ ಬರುವ ಹೊತ್ತಿಗೆ ಹೆಚ್ಚಿನವರ ಕೋಟು ತೋಳಿನ ಮೇಲಿತ್ತು. ನಾನು ತಿಳಿ ನೀಲಿ ಹತ್ತಿ ಅಂಗಿಯಲ್ಲಿದ್ದೆ, ಗಡಿಯಾರ ಹೆಂಡತಿಯ ಬಳಿ ಇತ್ತು, ಮಗು ನನ್ನ ಬಳಿ ಇದ್ದಷ್ಟು ಹೊತ್ತು ನಿದ್ದೆ ಮಾಡಿತು. ಊಟದ ಹೊತ್ತಿಗೆ ಮಗುವಿನ ಮುತ್ತಜ್ಜಿ ನನ್ನ ತಂದೆಯವರನ್ನು ಪಕ್ಕಕ್ಕೆ ಕರೆದು ಕೂರಿಸಿಕೊಂಡು ಶಲ್ಯದ ಅಂಚನ್ನು ಮುಟ್ಟಿ ನೋಡಿ ಎಲ್ಲಿ ಕೊಂಡದ್ದೆಂದು ವಿಚಾರಿಸಿದರು, ಮತ್ತು ಮಗುವನ್ನು ಅವರ ತೊಡೆಯ ಮೇಲೆ ಮಲಗಿಸಿದರು. ಈಗ ಆ ಶಲ್ಯದ ಮೇಲೆ ಮಗುವಿನ ನೆತ್ತಿಯ ಎಣ್ಣೆಯ ಕಲೆ, ಅಂಗೈ ಅಗಲದಷ್ಟು, ಜರಿಗೆ ತಾಗಿಯೇ ಇದೆ. ತಂದೆಯವರು ಇರಲಿ ಬಿಡು ಎನ್ನುತ್ತಾರೆ, ತಾಯಿಯವರು ಬಿಡುತ್ತಿಲ್ಲ. ತೆಗೆಯುವ ಉಪಾಯವಿದೆಯೇ?

ಕೋಟೆ_ಧಾರವಾಡ ಬರೆದ ಉತ್ತರ:

ಬಿಸಿನೀರು ತಾಗಿಸಬೇಡಿ, ಉಜ್ಜಲೂ ಬೇಡಿ. ಶಲ್ಯವನ್ನು ಮೇಜಿನ ಮೇಲೆ ಹರಡಿ, ಕಲೆಯ ಮೇಲೆ ಮೈಗೆ ಹಚ್ಚುವ ಪೌಡರನ್ನು ದಪ್ಪವಾಗಿ ಉದುರಿಸಿ ಒಂದು ರಾತ್ರಿ ಹಾಗೆಯೇ ಬಿಡಿ. ಅದು ಎಣ್ಣೆಯನ್ನು ಎಳೆದುಕೊಳ್ಳುತ್ತದೆ. ಬೆಳಗ್ಗೆ ಮೆತ್ತನೆಯ ಬ್ರಷ್ಷಿನಿಂದ ಕೊಡವಿ, ಕಲೆ ಉಳಿದಿದ್ದರೆ ಇನ್ನೊಮ್ಮೆ ಹಾಗೆಯೇ ಮಾಡಿ. ಬಟ್ಟೆ ಹತ್ತಿಯದಾದರೆ ಆಮೇಲೆ ಅಂಟುವಾಳದ ನೀರಿನಲ್ಲಿ ಆ ಭಾಗವನ್ನಷ್ಟೇ ಅದ್ದಿ ನೆರಳಿನಲ್ಲಿ ಒಣಗಿಸಿ. ರೇಷ್ಮೆಯಾದರೆ ಜರಿಯಂಚಿನ ಪಕ್ಕದ ಕಲೆಗೆ ಮನೆಯಲ್ಲಿ ನೀರು ಸೋಕಿಸುವ ಗೋಜಿಗೆ ಹೋಗದೆ ಡ್ರೈ ಕ್ಲೀನಿಂಗ್‌ಗೆ ಕೊಟ್ಟು, ಎಣ್ಣೆಯ ಕಲೆಯೆಂದು ಬಾಯಿಬಿಟ್ಟು ಹೇಳಿ. ಮೇಣ ಬಿದ್ದಿದ್ದರೆ ಅದರ ಕ್ರಮ ಬೇರೆ: ಗಟ್ಟಿಯಾದ ಮೇಲೆ ಉಗುರಿನಿಂದ ಎಬ್ಬಿಸಿ, ಉಳಿದದ್ದರ ಮೇಲೆ ಕೆಳಗೆ ಎರಡೂ ಕಡೆ ಬಿಳಿ ಕಾಗದವಿಟ್ಟು ಹದವಾದ ಬಿಸಿಯ ಇಸ್ತ್ರಿ ಎಳೆಯಿರಿ.